ವರ ಬೇಡಿದ ಹುಡುಗ

ನಮ್ಮ ಪುರಾಣಗಳಲ್ಲಿ ವರ ಬೇಡಿದವರಿಗೆ ಬರವಿಲ್ಲ. ಬೇಡಲು ಬಲ್ಲವರಿಗೆ ಮಾತ್ರ ಬರ. ನಚಿಕೇತನೊಬ್ಬನನ್ನು ಬಿಟ್ಟರೆ, ಒದಗಿಬಂದ ಮೂರು ವರಗಳನ್ನು ಹದವರಿತು ಬಳಸಿಕೊಂಡವರು ತೀರ ವಿರಳ. ಕುಂಭಕರ್ಣ ಇಂದ್ರಾಸನವನ್ನು ಕೇಳಹೊರಟು ನಾಲಗೆ ತೊಡರಿ ನಿದ್ರಾಸನವನ್ನು ಕೇಳಿದನೆಂದು ಹರಿದಾಸರು ಹೇಳುವಾಗ ಸಭೆಯೆಲ್ಲ ಗೊಳ್ಳೆಂದು ನಗುತ್ತದೆ. ಭಸ್ಮಾಸುರ ಪಡೆದ ವರವನ್ನು ಕೊಟ್ಟವನ ತಲೆಯ ಮೇಲೆಯೇ ಪರೀಕ್ಷಿಸಲು ಹೋಗಿ, ಕಡೆಗೆ ತನ್ನ ತಲೆಯ ಮೇಲೆಯೇ ಕೈಯಿಟ್ಟುಕೊಂಡಾಗಲೂ ನಗುತ್ತದೆ. ಕೈಕೇಯಿಯ ಎರಡು ವರಗಳ ಪ್ರಸಂಗ ಬಂದಾಗ ಅದೇ ಸಭೆ ಕಣ್ಣೊರಸಿಕೊಳ್ಳುತ್ತದೆ. ವರವೆಂಬುದು ನಗೆಗೂ ಅಳುವಿಗೂ ಸಮವಾಗಿ ಒದಗುವ ವಸ್ತು.

ಈ ಹಳೆಯ ವಸ್ತುವಿಗೆ ವಿಜ್ಞಾನದ ಉಡುಪು ತೊಡಿಸಿದವರು ಇಂಗ್ಲೆಂಡಿನ ಎಚ್. ಜಿ. ವೆಲ್ಸ್. 1898ರಲ್ಲಿ ಬರೆದಿದ್ದ ಒಂದು ಸಣ್ಣ ಕಥೆಯನ್ನು ಅವರೇ ಬೆಳೆಸಿ ಚಿತ್ರಕಥೆ ಮಾಡಿಕೊಟ್ಟರು. 1936ರಲ್ಲಿ ಅದು ‘ದಿ ಮ್ಯಾನ್ ಹೂ ಕುಡ್ ವರ್ಕ್ ಮಿರಾಕಲ್ಸ್’ ಎಂಬ ಹೆಸರಿನ ವಿನೋದಚಿತ್ರವಾಗಿ ತಯಾರಾಯಿತು. ಬಟ್ಟೆ ಅಂಗಡಿಯ ಗುಮಾಸ್ತನೊಬ್ಬ, ಫಾದರಿಂಗೆ ಎಂಬ ಸಾಧು ಪ್ರಾಣಿ. ಅಂತರಿಕ್ಷದ ಶಕ್ತಿಗಳು ಮನುಷ್ಯನನ್ನು ಪರೀಕ್ಷಿಸುವುದಕ್ಕೆಂದು ಅವನಿಗೆ ಬಯಸಿದ್ದೆಲ್ಲ ನಡೆಯುವ ಸಿದ್ಧಿಯನ್ನು ಕೊಟ್ಟುಬಿಡುತ್ತವೆ. ಪವಾಡಗಳು ಸುಳ್ಳೆಂದು ವಾದಿಸುತ್ತಲೇ ಅವನು ಪಾನಗೃಹದ ದೀಪವನ್ನು ಗಾಳಿಯಲ್ಲಿ ತಲೆಕೆಳಗಾಗಿ ಉರಿಸುತ್ತಾನೆ. ಕಾಡಿದ ಪೋಲೀಸನನ್ನು ಸಿಟ್ಟಿನಲ್ಲಿ ಎಲ್ಲಿಗೋ ಅಟ್ಟಿ, ಆಮೇಲೆ ಮರುಕಗೊಂಡು ಸ್ಯಾನ್‌ಫ್ರಾನ್ಸಿಸ್ಕೋ ನಗರದ ನಡುಬೀದಿಗೆ ವರ್ಗಮಾಡುತ್ತಾನೆ. ಎಲ್ಲವನ್ನೂ ಮಾಡಬಲ್ಲ ಈ ಮಹಾಶಯನಿಗೆ ತಾನು ಮೆಚ್ಚಿದ ಹುಡುಗಿಯ ಮನಸ್ಸನ್ನು ಮಾತ್ರ ತಿರುಗಿಸಲಾಗುವುದಿಲ್ಲ. ಕಡೆಗೆ ಲೋಕದ ದೊರೆಗಳನ್ನೆಲ್ಲ ಕಲೆಹಾಕಿ, ಸೂರ್ಯ ಮುಳುಗುವುದರೊಳಗೆ ಪ್ರಪಂಚ ನೆಟ್ಟಗಾಗಬೇಕೆಂದು ಹಟಹಿಡಿದು, ಹೊತ್ತು ಸಾಲದೆಂದು ಭೂಮಿಗೇ ನಿಲ್ಲುವಂತೆ ಅಪ್ಪಣೆ ಮಾಡುತ್ತಾನೆ.

ವೆಲ್ಸರ ವಿಜ್ಞಾನಬುದ್ಧಿ ಇಲ್ಲಿ ಹೊಳೆಯುತ್ತದೆ. ಭೂಮಿ ನಿಂತರೆ ಅದರ ಮೇಲಿರುವ ನಾವು ನಿಲ್ಲುತ್ತೇವೆಯೆ? ಸಮಭಾಜಕದ ಮೇಲೆ ನೆಲ ಗಂಟೆಗೆ ಸುಮಾರು 1,670 ಕಿಲೋಮೀಟರು ವೇಗದಲ್ಲಿ ಪೂರ್ವಕ್ಕೆ ಓಡುತ್ತಿದೆ. ನಮ್ಮ ಬೆಂಗಳೂರಿನ ಅಕ್ಷಾಂಶದಲ್ಲಿಯೂ 1,600ಕ್ಕೆ ಕಡಿಮೆಯಿಲ್ಲ. ನೆಲ ಥಟ್ಟನೆ ನಿಂತಿತೆಂದರೆ, ನಾನು ಇದನ್ನು ಬರೆಯುತ್ತಿರುವ ತ್ಯಾಗರಾಜನಗರದ ತೆಂಗಿನ ಮರಗಳು, ಮಹಡಿಯ ಮೇಲಿನ ನೀರಿನ ತೊಟ್ಟಿಗಳು, ಬರೆಯುತ್ತಿರುವ ನಾನು, ಎಲ್ಲರೂ ಒಂದೇ ಮೆರವಣಿಗೆಯಲ್ಲಿ ಮೂಡಲ ದಿಕ್ಕಿಗೆ ಹಾರಿಹೋಗಬೇಕು. ಚಿತ್ರದಲ್ಲಿ ಆಗುವುದೂ ಅದೇ. ಗಾಳಿಯಲ್ಲಿ ಉರುಳುತ್ತಲೇ ಗುಮಾಸ್ತ ಕೊನೆಯ ವರವನ್ನು ಕೇಳುತ್ತಾನೆ: ಎಲ್ಲವೂ ಮೊದಲಿನಂತಾಗಲಿ, ತನಗೆ ಈ ಶಕ್ತಿಯೇ ಇಲ್ಲದಂತಾಗಲಿ ಎಂದು.

ಈ ಚಿತ್ರವನ್ನು ನಿರ್ಮಿಸಿದವರು ಹಂಗೇರಿಯಲ್ಲಿ ಹುಟ್ಟಿ ಲಂಡನ್ನಿನಲ್ಲಿ ನೆಲೆಸಿದ ಅಲೆಕ್ಸಾಂಡರ್ ಕೊರ್ಡಾ. ಅವರ ಲಂಡನ್ ಫಿಲ್ಮ್ಸ್ ಸಂಸ್ಥೆಯ ಒಂದು ತಂಡ ವೆಲ್ಸರ ಭೂಮಿಯನ್ನು ನಿಲ್ಲಿಸುವ ಹಂಚಿಕೆಯಲ್ಲಿದ್ದ ದಿನಗಳಲ್ಲಿಯೇ ಅದರ ಇನ್ನೊಂದು ತಂಡ ನಮ್ಮ ಮೈಸೂರಿನಲ್ಲಿ ಕ್ಯಾಮೆರಾ ಹೂಡಿತ್ತು. ಆ ಕ್ಯಾಮೆರಾದ ಎದುರು ನಿಂತ ಹುಡುಗ, ನಾಲ್ಕು ವರುಷಗಳ ತರುವಾಯ, ಅದೇ ಕೊರ್ಡಾ ಅವರ ಇನ್ನೊಂದು ಅದ್ಭುತಚಿತ್ರದಲ್ಲಿ ಸೀಸೆಯೊಳಗಿನ ಭೂತದಿಂದ ಮೂರು ವರಗಳನ್ನು ಗಿಟ್ಟಿಸಿ ಲೋಕವನ್ನೆಲ್ಲ ನಗಿಸಿದ. ಅವನೇ ಸಾಬು. ಕೆಲವು ದಿನಗಳ ಹಿಂದೆ ನೆರೆಮನೆಯ ವಿದ್ಯಾರ್ಥಿಗಳಿಗೆ ‘ದಿ ಥೀಫ್ ಆಫ್ ಬಾಗ್ದಾದ್’ ಚಿತ್ರವನ್ನು ಮನೆಯಲ್ಲಿಯೇ ತೋರಿಸಿದೆ. ಬಾಟಲಿಯ ಭೂತವನ್ನು ಕಂಡು ನಕ್ಕರು, ಹಾರುವ ಕುದುರೆಯನ್ನು ಕಂಡು ಕೈತಟ್ಟಿದರು. ಆ ಹುಡುಗ ನಮ್ಮ ಹೆಗ್ಗಡದೇವನಕೋಟೆಯ ಕಾಡಿನವನು, ಮಾವುತನ ಮಗ ಎಂದಾಗ ಅವರಲ್ಲಿ ಒಬ್ಬನೂ ನಂಬಲಿಲ್ಲ. ಆ ಅಪನಂಬಿಕೆಯೇ ಈ ಲೇಖನಕ್ಕೆ ಕಾರಣ.

ಸಾಬು ಹುಟ್ಟಿದ್ದು 1924ರ ಜನವರಿ 27ರಂದು, ಕಬಿನಿಯ ದಡದ ಕಾರಾಪುರದಲ್ಲಿ. ಕಾರಾಪುರವೆಂದರೆ ಆ ಕಾಲಕ್ಕೆ ಮಹಾರಾಜರ ಬೇಟೆಯ ಬಿಡಾರ. ಪಕ್ಕದ ಕಾಕನಕೋಟೆಯೆಂದರೆ ಖೆಡ್ಡಾ. ಕಾಡಾನೆಗಳ ಹಿಂಡನ್ನು ತಮಟೆ, ಕೊಂಬು, ಬೆಂಕಿ, ಬೊಬ್ಬೆಗಳಿಂದ ಬೆದರಿಸಿ ಆಳವಾದ ಕಂದಕ ಮತ್ತು ಮರದ ದಿಮ್ಮಿಗಳ ಆವರಣದೊಳಕ್ಕೆ ಅಟ್ಟಿಕೊಂಡು ಬಂದು, ಪಳಗಿದ ಕುಮ್ಕಿ ಆನೆಗಳ ನೆರವಿನಿಂದ ಒಂದೊಂದನ್ನೇ ಹಗ್ಗ ಹಾಕಿ ಕಟ್ಟುವ ಸಾಹಸವಿದು. ಮೈಸೂರು ಸೀಮೆಯಲ್ಲಿ ಇದನ್ನು 1870ರ ದಶಕದಲ್ಲಿ ಯಶಸ್ವಿಯಾಗಿ ನಡೆಸಿದವನು ಜಿ. ಪಿ. ಸ್ಯಾಂಡರ್ಸನ್ ಎಂಬ ಅಧಿಕಾರಿ. ಆದರೆ ಅಧಿಕಾರಿಯ ಹೆಸರು ಪುಸ್ತಕದಲ್ಲಿ ಉಳಿಯುತ್ತದೆ. ಹಗ್ಗ ಹಾಕುವವನು ಮಾವುತ, ಮೇವು ತರುವವನು ಕಾವಾಡಿ, ಅವರ ಹೆಸರುಗಳು ಕಾಡಿನಲ್ಲಿಯೇ ಉಳಿದುಬಿಡುತ್ತವೆ. ಸಾಬುವಿನ ತಂದೆ ಅಂತಹ ಮಾವುತ. ಅರಮನೆಯ ಆನೆಗಳನ್ನು ನೋಡಿಕೊಂಡಿದ್ದವನು.

ತಾಯಿ ಮಗು ಎಳೆಯದಾಗಿದ್ದಾಗಲೇ ತೀರಿಕೊಂಡಳು. ತಂದೆ ಹುಡುಗನಿಗೆ ಹತ್ತು ತುಂಬುವ ಮೊದಲೇ ಹೋದ. ಅಲ್ಲಿಂದ ಮುಂದೆ ಅಣ್ಣನ ಆಸರೆ, ಅರಮನೆಯ ಗಜಶಾಲೆಯ ಅನ್ನ. ದಸರೆಯ ಜಂಬೂಸವಾರಿಯ ವೈಭವವನ್ನು ಮೈಸೂರಿನ ಜನ ಬೀದಿಯ ಅಂಚಿನಲ್ಲಿ ನಿಂತು ನೋಡಿದರೆ, ಈ ಹುಡುಗ ಅದನ್ನು ಹಿಂಬಾಗಿಲಿನಿಂದ ನೋಡಿ ಬೆಳೆದ: ಆನೆಯ ಮೈ ಉಜ್ಜುವುದು, ಸೊಪ್ಪು ಹೊರುವುದು, ಲದ್ದಿ ಬಾಚುವುದು. ವಯಸ್ಸು ಹನ್ನೊಂದಾಗುವಷ್ಟರಲ್ಲಿ ಸೊಂಡಿಲ ಮೇಲೆ ಕಾಲಿಟ್ಟು ನೆತ್ತಿಗೇರುವುದು ಅವನಿಗೆ ನಮ್ಮ ಮಕ್ಕಳಿಗೆ ಜಗಲಿ ಹತ್ತಿದಷ್ಟು ಸಲೀಸು.

1935ರಲ್ಲಿ ರಾಬರ್ಟ್ ಫ್ಲಾಹರ್ಟಿ ಮೈಸೂರಿಗೆ ಬಂದರು. ‘ನಾನೂಕ್ ಆಫ್ ದಿ ನಾರ್ತ್’ ಎಂಬ ಚಿತ್ರದಿಂದ 1922ರಲ್ಲಿಯೇ ಹೆಸರಾಗಿದ್ದ ಈ ಅಮೆರಿಕನ್ನರು, ವೃತ್ತಿನಟರನ್ನು ಬಿಟ್ಟು ಆಯಾ ನೆಲದ ಜನರನ್ನೇ ತೆರೆಗೆ ತರುವ ಪದ್ಧತಿಯವರು. ಈ ಸಲ ಅವರು ಎತ್ತಿಕೊಂಡದ್ದು ರಡ್ಯಾರ್ಡ್ ಕಿಪ್ಲಿಂಗರ ‘ಟೂಮಾಯ್ ಆಫ್ ದಿ ಎಲಿಫೆಂಟ್ಸ್’ ಎಂಬ ಕಥೆಯನ್ನು. ಆ ಕಥೆಯ ಗರ್ಭದಲ್ಲಿಯೂ ಒಂದು ವರವಿದೆ. ಆನೆ ಹಿಡಿಯುವವನಾಗಬೇಕೆಂದು ಹಂಬಲಿಸುವ ಮಾವುತನ ಮಗನಿಗೆ ಸಾಹೇಬನು, ಆನೆಗಳು ಕುಣಿಯುವುದನ್ನು ಕಂಡ ದಿನ ನಿನಗೆ ಖೆಡ್ಡಾದೊಳಗೆ ಪ್ರವೇಶ ಎಂದು ತಮಾಷೆ ಮಾಡುತ್ತಾನೆ. ಎಂದರೆ ಎಂದೆಂದಿಗೂ ಇಲ್ಲವೆಂದು ಅರ್ಥ. ಹುಡುಗ ಒಂದು ರಾತ್ರಿ ನಿಜವಾಗಿಯೂ ಆನೆಗಳ ಕುಣಿತವನ್ನು ಕಂಡುಬಿಡುತ್ತಾನೆ. ಆ ಸಾಹೇಬನ ಪಾತ್ರಕ್ಕೆ ನಮ್ಮ ಸ್ಯಾಂಡರ್ಸನ್ನನೇ ಮಾದರಿಯೆಂದು ಊಹಿಸುವ ವಿದ್ವಾಂಸರಿದ್ದಾರೆ. ಹಾಗಿದ್ದಲ್ಲಿ ಕಥೆ ಸುತ್ತುಬಳಸಿ ತನ್ನ ತವರಿಗೇ ಬಂದಂತಾಯಿತು.

ನಾಲ್ವಡಿ ಕೃಷ್ಣರಾಜ ಒಡೆಯರು ಚಿತ್ರತಂಡಕ್ಕೆ ಆನೆಗಳನ್ನೂ ಬಿಡಾರವನ್ನೂ ಉದಾರವಾಗಿ ಒದಗಿಸಿದರು. ಬೇಕಾಗಿದ್ದದ್ದು ಹುಡುಗ. ಛಾಯಾಗ್ರಾಹಕ ಆಸ್ಮಂಡ್ ಬೊರಡೇಲ್ ಅವರ ಕಣ್ಣಿಗೆ ಗಜಶಾಲೆಯಲ್ಲಿ ಸಾಬು ಬಿದ್ದ. ಆ ಮುಖದಲ್ಲಿ ಏನಿತ್ತೆಂಬುದನ್ನು ಚಿತ್ರವನ್ನು ನೋಡಿದವರು ಬಲ್ಲರು. ಅಳುಕು ಎಂಬುದಿಲ್ಲ, ನಟಿಸುತ್ತಿದ್ದೇನೆಂಬ ಎಚ್ಚರವೂ ಇಲ್ಲ, ನಕ್ಕರೆ ಹಲ್ಲಿನ ಸಾಲಿನ ಜೊತೆಗೆ ಕಣ್ಣೂ ನಗುತ್ತದೆ. ಅರಮನೆಯ ಮಹಾಗಜ ಐರಾವತ ಕಥೆಯ ಕಾಲಾನಾಗನಾಯಿತು. ಅದರ ಕಾಲ ಸಂದಿನಲ್ಲಿ ಆ ಪುಟ್ಟ ದೇಹ ಓಡಾಡುವುದನ್ನು ನೋಡಿದರೆ ನಮಗೆ ಭಯ, ಅವನಿಗೆ ಆಟ.

ಫ್ಲಾಹರ್ಟಿಯವರದು ನಿಧಾನದ ಕೈ. ವರುಷ ಕಳೆದರೂ ಕಥೆಗೆ ರೂಪು ಬಾರದೆ, ಖರ್ಚು ಏರುತ್ತಿದ್ದುದನ್ನು ಕಂಡು ಕೊರ್ಡಾ 1936ರಲ್ಲಿ ತಂಡವನ್ನು ಲಂಡನ್ನಿಗೆ ಕರೆಸಿಕೊಂಡರು. ಸಾಬುವೂ ಅವನ ಅಣ್ಣನೂ ಹಡಗು ಹತ್ತಿದರು. ಕಡತಗಳಲ್ಲಿ ಎಲ್ಲಿಯೋ ಅಣ್ಣನ ಹೆಸರಾದ ದಸ್ತಗೀರ್ ಎಂಬುದು ತಮ್ಮನಿಗೆ ಅಂಟಿಕೊಂಡು, ಲೋಕಕ್ಕೆ ಅವನು ಸಾಬು ದಸ್ತಗೀರ್ ಆದ. ಡೆನ್‌ಹ್ಯಾಮ್ ಸ್ಟುಡಿಯೋದಲ್ಲಿ ಕೊರ್ಡಾ ಅವರ ಸೋದರ ಜೋಲ್ಟಾನ್ ಉಳಿದ ದೃಶ್ಯಗಳನ್ನು ಸೆಟ್ಟುಗಳಲ್ಲಿ ಚಿತ್ರಿಸಿ ಮೈಸೂರಿನ ಕಾಡಿಗೆ ಇಂಗ್ಲೆಂಡಿನ ಕಾಡನ್ನು ಹೊಲಿದರು. ಹೊಲಿಗೆ ಕಾಣುತ್ತದೆ, ಅದನ್ನು ಮುಚ್ಚಿಡಬೇಕಾಗಿಲ್ಲ. ಆದರೆ ಹುಡುಗ ಇರುವ ಕಡೆಯೆಲ್ಲ ಚಿತ್ರ ಉಸಿರಾಡುತ್ತದೆ. 1937ರಲ್ಲಿ ‘ಎಲಿಫೆಂಟ್ ಬಾಯ್’ ತೆರೆಕಂಡು, ವೆನಿಸ್ ಚಿತ್ರೋತ್ಸವದಲ್ಲಿ ನಿರ್ದೇಶನದ ಪ್ರಶಸ್ತಿಯನ್ನು ಪಡೆಯಿತು. ಇಬ್ಬರು ನಿರ್ದೇಶಕರು ಹಂಚಿಕೊಂಡ ಕೀರ್ತಿಗೆ ಮೂರನೆಯ ಪಾಲುದಾರ ಹದಿಮೂರು ವರ್ಷದ ಮಾವುತನ ಮಗ.

ಇಲ್ಲಿಗೆ ನಿಲ್ಲಿಸಿ ಒಂದು ಪ್ರಶ್ನೆಯನ್ನು ಕೇಳಬೇಕೆನ್ನಿಸುತ್ತದೆ. ಈ ಹುಡುಗನಿಗೆ ಸಿಕ್ಕದ್ದು ವರವೇ ಸರಿ. ಆದರೆ ಬೇಡಿದವರು ಯಾರು? ಫ್ಲಾಹರ್ಟಿಯವರಿಗೆ ಒಬ್ಬ ಹುಡುಗ ಬೇಕಾಗಿತ್ತು, ಸಿಕ್ಕಿದ. ಕೊರ್ಡಾ ಅವರಿಗೆ ಹೊಸ ತಾರೆ ಬೇಕಾಗಿತ್ತು, ಸಿಕ್ಕಿತು. ಗಜಶಾಲೆಯ ಹುಡುಗನ ಬಯಕೆ ಏನೆಂದು ವಿಚಾರಿಸುವ ವ್ಯವಧಾನ ಯಾರಿಗೂ ಇರಲಿಲ್ಲ.

ಮರುವರುಷವೇ ಇದರ ಕಹಿ ಫಲ ಕಂಡಿತು. ಇಂಗ್ಲೆಂಡಿನ ಶಾಲೆಯಲ್ಲಿ ಕಲಿಯುತ್ತಿದ್ದ ಸಾಬುವನ್ನು ಕೊರ್ಡಾ ‘ದಿ ಡ್ರಮ್’ ಎಂಬ ವರ್ಣಚಿತ್ರದಲ್ಲಿ ವಾಯವ್ಯ ಗಡಿನಾಡಿನ ರಾಜಕುಮಾರನನ್ನಾಗಿ ಮಾಡಿದರು. ಬ್ರಿಟಿಷರ ಪಕ್ಷವಹಿಸಿ ಅವರ ಸೈನ್ಯವನ್ನು ಉಳಿಸುವ ರಾಜಕುಮಾರ. 1938ರಲ್ಲಿ ಈ ಚಿತ್ರ ನಮ್ಮ ದೇಶಕ್ಕೆ ಬಂದಾಗ ಮುಂಬಯಿಯಲ್ಲಿಯೂ ಮದರಾಸಿನಲ್ಲಿಯೂ ಜನ ಪ್ರತಿಭಟಿಸಿ ಪ್ರದರ್ಶನವನ್ನು ನಿಲ್ಲಿಸಿದರು. ಪ್ರತಿಭಟನೆ ನ್ಯಾಯವಾದದ್ದು. ಚಕ್ರಾಧಿಪತ್ಯದ ಕೀರ್ತನೆಯನ್ನು ನಮ್ಮವನ ಬಾಯಿಂದ ಹಾಡಿಸಿದ ಚಿತ್ರವದು. ಆದರೆ ಹದಿನಾಲ್ಕು ವರ್ಷದ ಅನಾಥನ ತಲೆಯ ಮೇಲೆ ಆ ತಪ್ಪನ್ನು ಹೊರಿಸುವುದು ನನ್ನಿಂದಾಗದು. ಅವನಿಗೆ ಪಾತ್ರವನ್ನು ಆಯುವ ಸ್ವಾತಂತ್ರ್ಯವಿರಲಿಲ್ಲ. ತಿರಸ್ಕರಿಸಿದ್ದರೆ ಹಿಂದಿರುಗಲು ಮನೆಯೂ ಇರಲಿಲ್ಲ.

ಆ ಬಳಿಕ ಬಂದದ್ದು ‘ದಿ ಥೀಫ್ ಆಫ್ ಬಾಗ್ದಾದ್’. 1939ರಲ್ಲಿ ಡೆನ್‌ಹ್ಯಾಮಿನಲ್ಲಿ ಚಿತ್ರೀಕರಣ ನಡೆಯುತ್ತಿದ್ದಾಗಲೇ ಎರಡನೆಯ ಮಹಾಯುದ್ಧ ಸಿಡಿಯಿತು. ಕೊರ್ಡಾ ಇಡೀ ವ್ಯವಹಾರವನ್ನು ಕಟ್ಟಿಕೊಂಡು ಹಾಲಿವುಡ್ಡಿಗೆ ಹೋದರು, ಜೊತೆಯಲ್ಲಿ ಸಾಬುವೂ. ಬಾಗ್ದಾದಿನ ಕಥೆಯ ಒಂದು ಭಾಗ ಇಂಗ್ಲೆಂಡಿನದು, ಇನ್ನೊಂದು ಭಾಗ ಅಮೆರಿಕದ ಗ್ರ್ಯಾಂಡ್ ಕ್ಯಾನ್ಯನ್ ಕಣಿವೆಯದು. ಲುಡ್ವಿಗ್ ಬರ್ಗರ್, ಮೈಕೆಲ್ ಪೊವೆಲ್, ಟಿಮ್ ವೀಲನ್ ಎಂಬ ಮೂವರು ನಿರ್ದೇಶಕರ ಹೆಸರು ಚಿತ್ರಕ್ಕಿದೆ. ಇಷ್ಟು ಕೈಗಳು ಕಲಸಿದ ಅನ್ನ ರುಚಿಯಾದದ್ದೇ ಒಂದು ಪವಾಡ.

ಕಥೆಯಲ್ಲಿ ಸಾಬು ಅಬು ಎಂಬ ಪುಟ್ಟ ಕಳ್ಳ. ಮಂತ್ರವಾದಿಯಾದ ವಜೀರ ಜಾಫರನ ಕುತಂತ್ರದಿಂದ ಸಿಂಹಾಸನ ಕಳೆದುಕೊಂಡ ದೊರೆ ಅಹಮದನಿಗೆ ಅವನು ಗೆಳೆಯ. ಹಡಗು ಒಡೆದು ನಿರ್ಜನವಾದ ಕಡಲತೀರಕ್ಕೆ ಬಂದು ಬಿದ್ದಾಗ ಅವನ ಕೈಗೆ ಒಂದು ಸೀಸೆ ಸಿಗುತ್ತದೆ. ಬಿರಡೆ ತೆಗೆದರೆ ಹೊಗೆ. ಹೊಗೆಯಿಂದ ಮುಗಿಲೆತ್ತರದ ಭೂತ. ಬಿಡಿಸಿದವನನ್ನೇ ತುಳಿದು ಕೊಲ್ಲುವೆನೆಂದು ಅದು ಕಾಲೆತ್ತುತ್ತದೆ. ಇಷ್ಟು ದೊಡ್ಡ ನೀನು ಇಷ್ಟು ಚಿಕ್ಕ ಸೀಸೆಯಲ್ಲಿ ಇದ್ದೆಯೆಂದರೆ ನಂಬಲಾರೆನೆಂದು ಹುಡುಗ ಕೆಣಕಿ, ಭೂತ ಒಳಹೊಕ್ಕ ಕೂಡಲೆ ಬಿರಡೆ ಜಡಿಯುತ್ತಾನೆ. ಬಿಡುಗಡೆಯ ಬೆಲೆ ಮೂರು ವರ.

ಆ ಮೂರು ವರಗಳನ್ನು ಅಬು ಖರ್ಚುಮಾಡುವ ಬಗೆಯಲ್ಲಿ ಈ ಚಿತ್ರದ ಜೀವವಿದೆ. ಚಕ್ರವರ್ತಿತ್ವವನ್ನೇ ಬೇಡಬಹುದಾಗಿದ್ದವನು ಮೊದಲು ಬೇಡುವುದು ಊಟ: ಬಾಣಲೆಯಲ್ಲಿ ಚುರುಗುಟ್ಟುವ, ಆಗತಾನೆ ಹುರಿದ ಮಾಂಸದ ಸುರುಳಿಗಳು. ಹಸಿವೆಯನ್ನು ಕಂಡವನ ವರ ಹೀಗೆಯೇ ಇರುತ್ತದೆ. ಎರಡನೆಯದು, ಕಳೆದುಹೋದ ಗೆಳೆಯನಿದ್ದಲ್ಲಿಗೆ ತನ್ನನ್ನು ಒಯ್ಯಬೇಕೆಂಬುದು. ಮೂರನೆಯದು ವರವೇ ಅಲ್ಲ, ಜಗಳ. ಗೆಳೆಯ ರೇಗಿದಾಗ ಇವನೂ ರೇಗಿ, ನೀನು ಬಾಗ್ದಾದಿನಲ್ಲಿಯೇ ಇರಬಾರದಾಗಿತ್ತೆ ಎಂದು ಬಾಯಿಜಾರುತ್ತಾನೆ. ಕಣ್ಣು ಮಿಟುಕಿಸುವುದರೊಳಗೆ ಗೆಳೆಯ ಮಾಯ. ಭೂತ ಗಹಗಹಿಸಿ ನಕ್ಕು ತನ್ನ ದಾರಿ ಹಿಡಿಯುತ್ತದೆ. ಹುಡುಗ ಬಂಡೆಗಳ ನಡುವೆ ಒಬ್ಬಂಟಿ. ನಮ್ಮ ಕುಂಭಕರ್ಣನ ಪಂಕ್ತಿಯಲ್ಲಿ ಅವನಿಗೂ ಒಂದು ಮಣೆ ಹಾಕಬಹುದು.

ಭೂತನಾಗಿ ಅಭಿನಯಿಸಿದ ರೆಕ್ಸ್ ಇಂಗ್ರಾಮ್ ಅಮೆರಿಕದ ಕಪ್ಪು ಜನಾಂಗದ ಶ್ರೇಷ್ಠ ನಟ. ದೇಶ ದೇಶಗಳಲ್ಲಿ ಕಡೆಗಣಿಸಲ್ಪಟ್ಟ ಎರಡು ಕುಲಗಳ ಇಬ್ಬರು, ಒಬ್ಬ ಆಕಾಶದಷ್ಟು ಎತ್ತರ, ಇನ್ನೊಬ್ಬ ಅವನ ಜುಟ್ಟು ಹಿಡಿದು ಹಾರುವವ, ತೆರೆಯ ಮೇಲೆ ಸೇರಿದಾಗ ಉಳಿದ ರಾಜಕುಮಾರ ರಾಜಕುಮಾರಿಯರು ಸಪ್ಪೆಯಾಗಿ ಕಾಣುತ್ತಾರೆ. ಆ ಹಾರಾಟದ ಹಿಂದಿನ ವಿಜ್ಞಾನವನ್ನು ವಿದ್ಯಾರ್ಥಿಗಳಿಗಾಗಿ ಎರಡು ಮಾತಿನಲ್ಲಿ ಹೇಳುವೆ. ಆಗಿನ ಟೆಕ್ನಿಕಲರ್ ಕ್ಯಾಮೆರಾದೊಳಗೆ ಮೂರು ಪ್ರತ್ಯೇಕ ಫಿಲ್ಮುಗಳು ಏಕಕಾಲಕ್ಕೆ ಓಡುತ್ತಿದ್ದವು; ಒಂದೊಂದೂ ಒಂದೊಂದು ಮೂಲವರ್ಣವನ್ನು ಹಿಡಿದಿಡುತ್ತಿತ್ತು. ನಟನನ್ನು ನೀಲಿ ಪರದೆಯ ಮುಂದೆ ನಿಲ್ಲಿಸಿ ಚಿತ್ರಿಸಿದರೆ, ಈ ಮೂರರ ನಡುವಣ ವ್ಯತ್ಯಾಸವನ್ನು ಬಳಸಿ ನೀಲಿಯನ್ನು ಮಾತ್ರ ಅಳಿಸಿಹಾಕಿ, ಆ ತೆರವಿನಲ್ಲಿ ಬೇರೊಂದು ಆಕಾಶವನ್ನು ಕೂರಿಸಬಹುದು. ಲಾರೆನ್ಸ್ ಬಟ್ಲರ್ ಈ ಉಪಾಯವನ್ನು ಬಣ್ಣದ ಚಿತ್ರಕ್ಕೆ ಅಳವಡಿಸಿದ ರೀತಿಗೆ ಅಕಾಡೆಮಿ ಪ್ರಶಸ್ತಿ ಬಂತು; ಛಾಯಾಗ್ರಹಣಕ್ಕೂ ಕಲಾನಿರ್ದೇಶನಕ್ಕೂ ಬಂತು. ಇಂದು ಹವಾಮಾನ ಓದುವವರ ಹಿಂದೆ ಮೋಡಗಳನ್ನು ತೇಲಿಸುವ ತಂತ್ರದ ಮುತ್ತಜ್ಜನೆಂದರೆ ಇದೇ.

ಚಿತ್ರದ ಕೊನೆಯಲ್ಲಿ ಮರಳಿ ದೊರೆಯಾದ ಅಹಮದ್ ಅಬುವನ್ನು ಪಾಠಶಾಲೆಗೆ ಕಳುಹಿಸಿ, ಓದಿಸಿ, ಮುಂದೆ ಮಹಾಮಂತ್ರಿ ಮಾಡುವೆನೆಂದು ಸಾರುತ್ತಾನೆ. ಕೇಳಿದ ಹುಡುಗನ ಮುಖ ಬಾಡುತ್ತದೆ. ಹಾರುವ ಜಮಖಾನೆಯನ್ನು ಏರಿ ಪರಾರಿಯಾಗುತ್ತಾನೆ. ನೆರೆಮನೆಯ ಹುಡುಗರು ಅತ್ಯಂತ ಗಟ್ಟಿಯಾಗಿ ಕೈತಟ್ಟಿದ್ದು ಈ ದೃಶ್ಯಕ್ಕೆ. ಉಪಾಧ್ಯಾಯರಾದ ವಾಚಕರು ಇದನ್ನು ಮನಸ್ಸಿಗೆ ಹಚ್ಚಿಕೊಳ್ಳಬಾರದು.

1940ರಲ್ಲಿ ಈ ಚಿತ್ರ ತೆರೆಕಂಡಾಗ ಸಾಬುವಿಗೆ ಹದಿನಾರು. ಅವನ ಕೀರ್ತಿಯ ನಡುಹಗಲು ಅದು. 1942ರ ‘ಜಂಗಲ್ ಬುಕ್’ನಲ್ಲಿ ಅವನು ಮೌಗ್ಲಿ, ಕ್ಯಾಲಿಫೋರ್ನಿಯಾದಲ್ಲಿ ಬೆಳೆಸಿದ ಭಾರತದ ಕಾಡಿನಲ್ಲಿ ಕಬಿನಿಯ ಕಾಡಿನ ನಿಜವಾದ ಹುಡುಗ. ಆಮೇಲೆ ಯೂನಿವರ್ಸಲ್ ಸಂಸ್ಥೆಯ ಒಪ್ಪಂದ: ‘ಅರೇಬಿಯನ್ ನೈಟ್ಸ್’, ‘ವೈಟ್ ಸ್ಯಾವೇಜ್’, ‘ಕೋಬ್ರಾ ವುಮನ್’. ಬಣ್ಣ ಬೇಕಾದಷ್ಟು, ಕಥೆ ಬೆರಳೆಣಿಕೆಯಷ್ಟು; ನಾಯಕ ನಾಯಕಿಯರು ಬೇರೆ, ಸಾಬು ಅವರ ನೆಚ್ಚಿನ ಸಂಗಾತಿ. ಈ ಚಿತ್ರಗಳ ಬಗೆಗೆ ಇದಕ್ಕಿಂತ ಹೆಚ್ಚು ಬರೆಯುವುದು ಕಾಗದಕ್ಕೆ ದಂಡ.

1944ರಲ್ಲಿ ಸಾಬು ಅಮೆರಿಕದ ಪೌರತ್ವವನ್ನು ಪಡೆದು ಅಲ್ಲಿಯ ವಾಯುಸೇನೆಗೆ ಸೇರಿದ. ಹೆಸರಾಂತ ನಟನೆಂದು ಪ್ರಚಾರದ ಸುಖದ ಕೆಲಸ ಸಿಕ್ಕಬಹುದಾಗಿತ್ತು. ಅವನು ಸೇರಿದ್ದು ಪೆಸಿಫಿಕ್ ಸಾಗರದ ಮೇಲೆ ಹಾರುತ್ತಿದ್ದ ಬಿ-24 ಬಾಂಬರ್ ವಿಮಾನಗಳ ಪಡೆಗೆ, ಕೋವಿ ಹಿಡಿಯುವ ಗನ್ನರನಾಗಿ. ವಿಮಾನದ ಗನ್ನರನೆಂದರೆ ಗಾಜಿನ ಗೂಡಿನಲ್ಲಿ ಮುದುರಿ ಕುಳಿತು, ಸುತ್ತಲೂ ಬರಿಯ ಆಕಾಶ, ಎದುರಿಗೆ ಶತ್ರುವಿನ ವಿಮಾನ. ಜಮಖಾನೆಯ ಮೇಲಿನ ಹಾರಾಟಕ್ಕೆ ನೀಲಿ ಪರದೆಯಿತ್ತು, ಇದಕ್ಕೆ ಇರಲಿಲ್ಲ. ಹತ್ತಾರು ಬಾರಿ ಹೀಗೆ ಹಾರಿದ ಧೈರ್ಯಕ್ಕಾಗಿ ಅವನಿಗೆ ‘ಡಿಸ್ಟಿಂಗ್ವಿಷ್ಡ್ ಫ್ಲೈಯಿಂಗ್ ಕ್ರಾಸ್’ ಪದಕ ದೊರೆಯಿತು. ಆ ತನಕ ಅವನ ಬದುಕಿನ ಪ್ರತಿಯೊಂದು ತಿರುವನ್ನೂ ಬೇರೆಯವರು ಗೊತ್ತುಮಾಡಿದ್ದರು. ಈ ಒಂದನ್ನು ಆತನೇ ಆರಿಸಿಕೊಂಡನೆಂದು ನಾನು ಭಾವಿಸುತ್ತೇನೆ. ಇನ್ನು ಮುಂದೆ ಅವನು ಎನ್ನದೆ ಆತ ಎನ್ನುವುದಕ್ಕೂ ಅದೇ ಕಾರಣ.

ಯುದ್ಧದಿಂದ ಮರಳಿದಾಗ ಆತನಿಗೆ ಇಪ್ಪತ್ತೊಂದು ದಾಟಿತ್ತು. ಹುಡುಗನನ್ನು ಪ್ರೀತಿಸಿದ್ದ ಚಿತ್ರಲೋಕಕ್ಕೆ ಈ ಗಂಡಸನ್ನು ಎಲ್ಲಿ ಕೂರಿಸಬೇಕೆಂದು ತೋಚಲಿಲ್ಲ. 1947ರಲ್ಲಿ ಮೈಕೆಲ್ ಪೊವೆಲ್ ಮತ್ತು ಎಮೆರಿಕ್ ಪ್ರೆಸ್‌ಬರ್ಗರ್ ‘ಬ್ಲ್ಯಾಕ್ ನಾರ್ಸಿಸಸ್’ ಚಿತ್ರದಲ್ಲಿ ಒಂದು ಸೊಗಸಾದ ಪಾತ್ರವನ್ನು ಕೊಟ್ಟರು: ಸುಗಂಧ ಪೂಸಿಕೊಂಡು, ರತ್ನಗಳನ್ನು ತೊಟ್ಟು, ಕ್ರೈಸ್ತ ಸನ್ಯಾಸಿನಿಯರ ಮಠಕ್ಕೆ ಪಾಠ ಕಲಿಯಲು ಬರುವ ಪಹಾಡಿ ಯುವರಾಜ. ಕಣ್ಣು ಕೋರೈಸುವ ಆ ಹಿಮಾಲಯವೆಲ್ಲ ಇಂಗ್ಲೆಂಡಿನಲ್ಲಿ ಗಾಜಿನ ಮೇಲೂ ಪರದೆಯ ಮೇಲೂ ಬರೆದದ್ದು. ಭಾರತ ಸ್ವತಂತ್ರವಾದ ವರುಷ ತೆರೆಕಂಡ ಭಾರತದ ಕಥೆಗೆ ಭಾರತದ ಒಂದು ಹಿಡಿ ಮಣ್ಣೂ ಬೇಕಾಗಲಿಲ್ಲ. ಮರುವರ್ಷದ ‘ಮ್ಯಾನ್-ಈಟರ್ ಆಫ್ ಕುಮಾಂವ್’ ಚಿತ್ರದ ಕಾಡೂ ಹಾಲಿವುಡ್ಡಿನದೇ.

1948ರಲ್ಲಿ ಆತ ನಟಿ ಮರಿಲಿನ್ ಕೂಪರ್ ಅವರನ್ನು ಮದುವೆಯಾದ. ಒಂದು ಗಂಡು, ಒಂದು ಹೆಣ್ಣು ಮಕ್ಕಳಾದವು. ಅವಕಾಶಗಳು ಇಳಿಮುಖವಾದವು. ಲಂಡನ್ನಿನ ಹ್ಯಾರಿಂಗೇ ಸರ್ಕಸ್ಸಿನಲ್ಲಿ ಆನೆಗಳೊಂದಿಗೆ ಕಾಣಿಸಿಕೊಂಡ. 1952ರಲ್ಲಿ ಇಟಲಿಯ ಒಂದು ವಿನೋದಚಿತ್ರದಲ್ಲಿ, ವಿಟ್ಟೋರಿಯೋ ಡಿ ಸಿಕಾ ಅಭಿನಯಿಸಿದ ಬಡ ಉಪಾಧ್ಯಾಯನಿಗೆ ಆನೆಯನ್ನು ಬಹುಮಾನವಾಗಿ ಕಳುಹಿಸುವ ಭಾರತದ ದೊರೆಯಾದ. ಸಂಬಳ ಸಾಲದ ಮೇಷ್ಟರ ಬಾಡಿಗೆ ಮನೆಯ ಬಾಗಿಲಿಗೆ ಬರುವ ಆನೆ! ವರ ಬಂದರೆ ಕಟ್ಟಿಹಾಕಲು ಜಾಗವೂ ಬೇಕೆಂಬುದಕ್ಕೆ ಇದಕ್ಕಿಂತ ಒಳ್ಳೆಯ ದೃಷ್ಟಾಂತ ಬೇಡ.

ಈಗ ನಾನು ಈ ಜೀವನದಲ್ಲಿ ಅತ್ಯಂತ ಮುಖ್ಯವೆಂದು ತಿಳಿದಿರುವ ಘಟನೆಗೆ ಬಂದೆ. ಅಲ್ಲಿ ಕ್ಯಾಮೆರಾ ತಿರುಗಲೇ ಇಲ್ಲ. 1950ರ ದಶಕದ ನಡುವಿನಲ್ಲಿ ಮೆಹಬೂಬ್ ಖಾನ್ ‘ಮದರ್ ಇಂಡಿಯಾ’ದ ಸಿದ್ಧತೆಯಲ್ಲಿದ್ದರು. ತಾಯಿಯ ಬಳೆಗಾಗಿ ಸಾಹುಕಾರನ ಮೇಲೆ ಸಿಡಿದೇಳುವ ಕಿರಿಯ ಮಗ ಬಿರ್ಜುವಿನ ಪಾತ್ರಕ್ಕೆ ಅವರು ಮೊದಲು ಆರಿಸಿದ್ದು ಸಾಬುವನ್ನು. ಆತ ಲಾಸ್ ಏಂಜಲೀಸಿನಿಂದ ಮುಂಬಯಿಗೆ ಬಂದು ಹೋಟೆಲಿನಲ್ಲಿ ಕಾದ. ಚಿತ್ರೀಕರಣ ತಡವಾಯಿತು, ಅಮೆರಿಕದ ಪ್ರಜೆಯಾದ್ದರಿಂದ ಇಲ್ಲಿ ಕೆಲಸ ಮಾಡಲು ಬೇಕಾದ ಪರವಾನಗಿಯೂ ತೊಡಕಿನಲ್ಲಿ ಸಿಕ್ಕಿತು. ಕಡೆಗೆ ಆತನನ್ನು ಕೈಬಿಡಬೇಕಾಯಿತು. ಪಾತ್ರ ಸುನಿಲ್ ದತ್ತರಿಗೆ ಹೋಯಿತು. 1957ರಲ್ಲಿ ಚಿತ್ರ ಬಂದು ಅವರನ್ನು ದೊಡ್ಡ ನಟರನ್ನಾಗಿ ಮಾಡಿದ್ದು ಎಲ್ಲರೂ ಬಲ್ಲ ಸಂಗತಿ. ಸುನಿಲ್ ದತ್ತರ ಬಿರ್ಜುವಿನ ಬಗೆಗೆ ನನಗೆ ಯಾವ ತಕರಾರೂ ಇಲ್ಲ. ಆದರೂ ಆ ಚಿತ್ರವನ್ನು ನೋಡುವಾಗಲೆಲ್ಲ ಮಣ್ಣಿನ ಮೇಲೆ ಬರಿಗಾಲಿನಲ್ಲಿ ನಡೆಯುವ ಇನ್ನೊಂದು ಆಕೃತಿ ಕಣ್ಣಮುಂದೆ ಸುಳಿಯುತ್ತದೆ. ‘ಎಲಿಫೆಂಟ್ ಬಾಯ್’ ಆದ ಮೇಲೆ ಆತ ನಟಿಸಿದ ಭಾರತವೆಲ್ಲ ಪರದೇಶಿಗಳ ಕನಸಿನ ಭಾರತ; ರತ್ನಗಂಬಳಿ, ಮುಂಡಾಸು, ಮಂತ್ರವಾದಿ. ಇದೊಂದು ಭಾರತೀಯರೇ ತಮಗಾಗಿ ಹೇಳಿಕೊಳ್ಳುತ್ತಿದ್ದ ಕಥೆ. ಉಳುವ ನೆಲ, ತೀರದ ಸಾಲ, ಹೆತ್ತ ತಾಯಿ. ಹೆತ್ತವಳ ಮುಖದ ನೆನಪಿಲ್ಲದವನಿಗೆ ಒದಗಿಬಂದ ಮಗನ ಪಾತ್ರ. ಭೂತ ಕೊಡಬಹುದಾಗಿದ್ದ ಈ ವರ ಒಂದು ಕಾಗದದ ಮೇಲೆ ನಿಂತುಹೋಯಿತು.

ವಿಧಿಯ ಹಾಸ್ಯ ನೋಡಿ. ‘ಮದರ್ ಇಂಡಿಯಾ’ ತೆರೆಕಂಡ ಅದೇ 1957ರಲ್ಲಿ ಸಾಬು ನಟಿಸಿದ ಚಿತ್ರದ ಹೆಸರು ‘ಸಾಬು ಅಂಡ್ ದಿ ಮ್ಯಾಜಿಕ್ ರಿಂಗ್’. ಅಗ್ಗದಲ್ಲಿ ತಯಾರಾದ ಮಕ್ಕಳ ವಿನೋದ. ಲಾಯದ ಹುಡುಗನೊಬ್ಬನಿಗೆ ಮಾಯದ ಉಂಗುರ ಸಿಗುತ್ತದೆ. ಉಜ್ಜಿದರೆ ಭೂತ ಪ್ರತ್ಯಕ್ಷವಾಗಿ ಬೇಡಿದ್ದನ್ನು ನಡೆಸಿಕೊಡುತ್ತದೆ. ಲಾಯದ ಹುಡುಗನ ಹೆಸರೂ ಸಾಬು. ಮೂವತ್ತಮೂರು ವಯಸ್ಸಿನ, ಯುದ್ಧವನ್ನು ಕಂಡ, ಎರಡು ಮಕ್ಕಳ ತಂದೆ, ಮತ್ತೆ ಲಾಯದಲ್ಲಿ ನಿಂತು ಉಂಗುರ ಉಜ್ಜಬೇಕಾಯಿತು. ಹದಿನೇಳು ವರ್ಷಗಳ ಹಿಂದೆ ಕಡಲ ತೀರದಲ್ಲಿ ಬಿರಡೆ ತೆಗೆದವನ ನಗು ಇಲ್ಲಿಯೂ ಇದೆ. ನೋಡುವವನಿಗೆ ಮಾತ್ರ ನಗು ಬರುವುದಿಲ್ಲ.

1960ರಲ್ಲಿ ಹಾಲಿವುಡ್ಡಿನ ಕಾಲುದಾರಿಯಲ್ಲಿ ಆತನ ಹೆಸರಿನ ನಕ್ಷತ್ರವನ್ನು ಕೂರಿಸಿದರು. ಅದೇ ವರ್ಷ ಮೈಸೂರಿನಿಂದ ಜೊತೆಗೂಡಿ ಬಂದಿದ್ದ ಅಣ್ಣ ದರೋಡೆಕೋರರ ಕೈಯಲ್ಲಿ ಸತ್ತ. 1963ರ ಡಿಸೆಂಬರ್ 2ರಂದು, ಕ್ಯಾಲಿಫೋರ್ನಿಯಾದ ಚಾಟ್ಸ್‌ವರ್ತ್‌ನ ಮನೆಯಲ್ಲಿ, ಸಾಬು ಹೃದಯಾಘಾತದಿಂದ ತೀರಿಕೊಂಡ. ನಲವತ್ತು ತುಂಬಲು ಇನ್ನೂ ಎಂಟು ವಾರಗಳಿದ್ದವು. ಆತ ನಟಿಸಿದ ಕಡೆಯ ಚಿತ್ರ, ಡಿಸ್ನಿ ಸಂಸ್ಥೆಯ ‘ಎ ಟೈಗರ್ ವಾಕ್ಸ್’, ಮರುವರ್ಷ ತೆರೆಕಂಡಿತು. ಅದರಲ್ಲಿ ಆತ ಹುಲಿಯನ್ನು ಪಳಗಿಸುವವನು. ಪ್ರಾಣಿಯ ಪಕ್ಕದಲ್ಲಿ ಆರಂಭವಾದ ಬದುಕಿಗೆ ಕೊನೆಯ ಪಾತ್ರವೂ ಪ್ರಾಣಿಯ ಪಕ್ಕದಲ್ಲಿಯೇ ಸಿಕ್ಕಿತು.

ಸಮಾಧಿ ಲಾಸ್ ಏಂಜಲೀಸಿನ ಫಾರೆಸ್ಟ್ ಲಾನ್ ರುದ್ರಭೂಮಿಯಲ್ಲಿದೆ. ಇತ್ತ ಮೈಸೂರು ಸೀಮೆಯ ಕಡೆಯ ಖೆಡ್ಡಾ 1971ರಲ್ಲಿ ನಡೆಯಿತು. ಹಗ್ಗ ಹಾಕುವ ಆ ವಿದ್ಯೆ ಅಲ್ಲಿಗೆ ಮುಗಿಯಿತು. ಕೆಲವೇ ವರ್ಷಗಳಲ್ಲಿ ಕಬಿನಿಗೆ ಅಣೆಕಟ್ಟು ಎದ್ದು ಹಳೆಯ ಕಾಕನಕೋಟೆಯ ನೆಲ ನೀರಿನಡಿಗೆ ಹೋಯಿತು. ಕಾರಾಪುರದ ಬೇಟೆಯ ಬಿಡಾರ ಪ್ರವಾಸಿಗಳ ವಸತಿಯಾಯಿತು. ಬೇಸಗೆಯಲ್ಲಿ ಹಿನ್ನೀರು ಇಳಿದು ದಡದಲ್ಲಿ ಹಸಿರು ಹುಲ್ಲು ಚಿಗುರಿದಾಗ, ಸುತ್ತಣ ಕಾಡುಗಳ ಆನೆಗಳು ನೂರಾರು ಸಂಖ್ಯೆಯಲ್ಲಿ ಅಲ್ಲಿಗೆ ಬಂದು ಸೇರುತ್ತವೆ.